ರೆಕ್ಕೆ ತೆರುವ ಸುಂಕ

ಬೇರೆಡೆ ನಾವು ತಲೆಯೆತ್ತಿ ನೋಡುವ ಹದ್ದನ್ನು ಹಂಪೆಯ ಮಾತಂಗ ಪರ್ವತದ ನೆತ್ತಿಯಲ್ಲಿ ಕುಳಿತು ಮೇಲಿನಿಂದ ಕೆಳಕ್ಕೆ ನೋಡಬಹುದು. ಬಿಸಿಲೇರಿ ಬಂಡೆಗಳು ಕಾದಂತೆ ಗಾಳಿ ಮೇಲೇಳುತ್ತದೆ. ಅದನ್ನು ಹಿಡಿದು ಹಕ್ಕಿ ರೆಕ್ಕೆ ಬಡಿಯದೆ ಸುತ್ತುತ್ತದೆ. ಬಹಳ ವರ್ಷಗಳ ಹಿಂದೆ ಹೊಸಪೇಟೆಯ ಮಕ್ಕಳನ್ನು ಅಲ್ಲಿಗೆ ಕರೆದೊಯ್ದಿದ್ದಾಗ ಹುಡುಗಿಯೊಬ್ಬಳು ಕೇಳಿದಳು: “ಸರ್, ಹದ್ದಿನ ರೆಕ್ಕೆಯ ತುದಿಯ ಗರಿಗಳು ಕೈಬೆರಳಿನ ಹಾಗೆ ಬಿಡಿಬಿಡಿಯಾಗಿವೆಯಲ್ಲ, ಗಾಳಿ ಸೋರಿಹೋಗುವುದಿಲ್ಲವೆ?” ಕನ್ನಡದ ಮೇಷ್ಟರಾದ ನನ್ನಲ್ಲಿ ಉತ್ತರವಿರಲಿಲ್ಲ. ಆಮೇಲೆ ಓದಿ ತಿಳಿದದ್ದು ಇಷ್ಟು.

ಹಾರುವ ರೆಕ್ಕೆಯ ಕೆಳಗೆ ಗಾಳಿಯ ಒತ್ತಡ ಹೆಚ್ಚು, ಮೇಲೆ ಕಡಿಮೆ. ಈ ವ್ಯತ್ಯಾಸವೇ ರೆಕ್ಕೆಯನ್ನು ಎತ್ತುವ ಬಲ. ಆದರೆ ರೆಕ್ಕೆಗೆ ಕೊನೆಯೊಂದು ಇದ್ದೇ ಇದೆ. ಅಲ್ಲಿ ಕೆಳಗಿನ ಗಾಳಿ ಅಂಚನ್ನು ಬಳಸಿಕೊಂಡು ಮೇಲಕ್ಕೆ ನುಗ್ಗುತ್ತದೆ. ನುಗ್ಗಿದ್ದು ಸುಳಿಯಾಗಿ ಹಿಂದೆ ಹರಿಯುತ್ತದೆ. ಕಂಪ್ಲಿಯ ಹೊಳೆಯಲ್ಲಿ ಹರಿಗೋಲು ಏರಿದವರು ಹುಟ್ಟಿನ ಎರಡೂ ಅಂಚುಗಳಲ್ಲಿ ಪುಟ್ಟ ಸುಳಿಗಳು ಏಳುವುದನ್ನು ಕಂಡಿರಬಹುದು. ಅಲ್ಲಿ ನೀರು, ಇಲ್ಲಿ ಗಾಳಿ, ಕ್ರಿಯೆ ಒಂದೇ.

ಈ ಎರಡು ಸುಳಿಗಳ ನಡುವೆ ಗಾಳಿ ಕೆಳಕ್ಕೆ ಇಳಿಯುತ್ತದೆ. ಆದ್ದರಿಂದ ರೆಕ್ಕೆಗೆ ಎದುರಾಗುವ ಗಾಳಿಯೂ ತುಸು ಕೆಳಮುಖವಾಗಿ ಬಾಗಿರುತ್ತದೆ. ಎತ್ತುವ ಬಲವು ಸದಾ ತನಗೆದುರಾದ ಗಾಳಿಗೆ ಲಂಬವಾಗಿ ನಿಲ್ಲುವಂಥದು. ಗಾಳಿಯೇ ಬಾಗಿದ ಮೇಲೆ ಬಲವೂ ಹಿಂದಕ್ಕೆ ವಾಲಲೇಬೇಕು. ವಾಲಿದ ಬಲದ ಬಹುಪಾಲು ಎತ್ತುತ್ತದೆ, ಅಲ್ಪಪಾಲು ಹಿಂದಕ್ಕೆಳೆಯುತ್ತದೆ. ಇದಕ್ಕೆ ಪ್ರೇರಿತ ಎಳೆತವೆಂದು ಹೆಸರು. ಇದು ರೆಕ್ಕೆಯ ಒರಟುತನದಿಂದ ಹುಟ್ಟಿದ್ದಲ್ಲ. ಎಷ್ಟು ನುಣುಪು ಮಾಡಿದರೂ ಹೋಗದು. ಎತ್ತಿದ್ದಕ್ಕೆ ತೆರಬೇಕಾದ ಸುಂಕವಿದು.

ಈ ಸುಂಕದ ಲೆಕ್ಕವನ್ನು ಬಿಡಿಸಿದವರು ಜರ್ಮನಿಯ ಗಾಟಿಂಗೆನ್ನಿನ ಲುಡ್ವಿಗ್ ಪ್ರಾಂಟಲ್. ಅವರ ಸಿದ್ಧಾಂತ ೧೯೧೮-೧೯ರಲ್ಲಿ ಪ್ರಕಟವಾಯಿತು. ಅವರಲ್ಲಿ ವ್ಯಾಸಂಗ ಮಾಡಿ ಬಂದ ವಿ. ಎಂ. ಘಾಟಗೆ ಬೆಂಗಳೂರಿನ ಹಿಂದೂಸ್ತಾನ್ ವಿಮಾನ ಕಾರ್ಖಾನೆಯಲ್ಲಿ ಎಚ್.ಟಿ.-೨ ಎಂಬ ತರಬೇತಿ ವಿಮಾನವನ್ನು ರೂಪಿಸಿದರು. ಅದು ೧೯೫೧ರ ಆಗಸ್ಟಿನಲ್ಲಿ ಮೊದಲು ಹಾರಿತು. ಗಾಟಿಂಗೆನ್ನಿನ ಗಣಿತ ನಮ್ಮ ನಾಡಿನ ಆಕಾಶಕ್ಕೆ ಬಂದ ದಾರಿ ಅದು.

ಲೆಕ್ಕ ಹೇಳುವುದು ಹೀಗೆ. ಅದೇ ಭಾರವನ್ನು ಅದೇ ವೇಗದಲ್ಲಿ ಹೊರುವಾಗ, ಒಂದು ತುದಿಯಿಂದ ಇನ್ನೊಂದು ತುದಿಯವರೆಗಿನ ರೆಕ್ಕೆಯ ಉದ್ದ ಇಮ್ಮಡಿಯಾದರೆ ಈ ಎಳೆತ ಕಾಲುಭಾಗಕ್ಕೆ ಇಳಿಯುತ್ತದೆ. ಸಂಡೂರು ತಾಲ್ಲೂಕಿನ ತೋರಣಗಲ್ಲಿನಲ್ಲಿರುವ ವಿದ್ಯಾನಗರ ನಿಲ್ದಾಣಕ್ಕೆ ಎ.ಟಿ.ಆರ್. ೭೨ ವಿಮಾನಗಳು ಬಂದಿಳಿದುದನ್ನು ಕಂಡವರು ಅವುಗಳ ರೆಕ್ಕೆಯನ್ನು ನೆನೆಯಲಿ: ಉದ್ದ ೨೭ ಮೀಟರು, ಸರಾಸರಿ ಅಗಲ ಎರಡೂಕಾಲು ಮೀಟರಿನಷ್ಟೆ. ಇನ್ನೊಂದು ಸೋಜಿಗವೂ ಉಂಟು. ಉಳಿದ ಎಳೆತಗಳು ವೇಗ ಹೆಚ್ಚಿದಂತೆ ಹೆಚ್ಚಿದರೆ, ಇದು ವೇಗ ತಗ್ಗಿದಂತೆ ಹೆಚ್ಚುತ್ತದೆ. ವೇಗ ಅರ್ಧವಾದರೆ ಎಳೆತ ನಾಲ್ಮಡಿ. ನಿಧಾನವಾಗಿ ಇಳಿಯುವ ಭಾರೀ ವಿಮಾನದ ಹಿಂದೆ ಪ್ರಬಲ ಸುಳಿಗಳು ಉಳಿದಿರುತ್ತವೆ. ಹಿಂದೆ ಬರುವ ಸಣ್ಣ ವಿಮಾನವನ್ನು ಅವು ಮಗುಚಿಬಿಡಬಲ್ಲವು. ಆದುದರಿಂದಲೇ ಎರಡರ ನಡುವೆ ಸಾಕಷ್ಟು ಅಂತರವಿಡುತ್ತಾರೆ.

ಈಗ ಹದ್ದಿನ ಮಾತು. ನಿಧಾನವಾಗಿ ಸುತ್ತುವ ಅದಕ್ಕೆ ಈ ಸುಂಕವೇ ದೊಡ್ಡದು. ಕಡಲಹಕ್ಕಿಗಳಂತೆ ನೀಳ ರೆಕ್ಕೆ ಪಡೆಯೋಣವೆಂದರೆ, ಬಂಡೆಗಳ ನಡುವಿನ ಇಲಿಯ ಮೇಲೆ ಎರಗುವುದು ಹೇಗೆ? ಅದಕ್ಕೇ ತುದಿಯ ಗರಿಗಳು ಬೆರಳಿನಂತೆ ಬಿಚ್ಚಿ, ಒಂದಕ್ಕಿಂತ ಒಂದು ಮೇಲಾಗಿ ಬಾಗಿ ನಿಲ್ಲುತ್ತವೆ. ಒಂದೇ ದೊಡ್ಡ ಸುಳಿಯಾಗಬೇಕಾದದ್ದು ಹಲವು ಚಿಕ್ಕ ಸುಳಿಗಳಾಗಿ ಹರಡಿಹೋಗುತ್ತದೆ, ಎಳೆತ ತಗ್ಗುತ್ತದೆ. ಗಾಳಿ ಸೋರುತ್ತದೆಂದು ಆ ಹುಡುಗಿ ಊಹಿಸಿದ್ದು ನಿಜವೇ. ಸೋರುವುದನ್ನು ತಡೆಯಲಾರದ ಹಕ್ಕಿ, ಅದು ಹೇಗೆ ಸೋರಬೇಕೆಂಬುದನ್ನು ತನ್ನ ಗರಿಗಳಿಂದ ತಿದ್ದಿಕೊಂಡಿದೆ.