ಬೈರಸಂದ್ರ, ತಾವರೆಕೆರೆ, ಮಡಿವಾಳ: ಏರಿಯ ಕೆಳಗಿನ ಊರುಗಳು

ಬಿಟಿಎಂ ಲೇಔಟಿನ ಮೂರು ಅಕ್ಷರಗಳು ಬೈರಸಂದ್ರ, ತಾವರೆಕೆರೆ, ಮಡಿವಾಳ ಎಂಬ ಮೂರು ಹಳ್ಳಿಗಳವು. ಬಡಾವಣೆ ಬರುವ ಮುಂಚೆ ಇಲ್ಲಿ ಏನಿತ್ತು ಎಂದು ಯಾರನ್ನೇ ಕೇಳಿ, “ಏನಿತ್ತು ಸ್ವಾಮಿ, ಬರೀ ಬಯಲು” ಅನ್ನುತ್ತಾರೆ. ಮನೆಗಳು ವಿರಳವಾಗಿದ್ದದ್ದು ನಿಜ. ಆದರೆ ಆ ಬಯಲಿನ ಗುಂಟೆ ಗುಂಟೆಗೂ ಒಂದು ಕೆಲಸವಿತ್ತು.

ಮೊದಲು ನೆಲದ ಇಳಿಜಾರು. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ದಿಣ್ಣೆಯ ಮೇಲಿದೆ. ಪಕ್ಕದಲ್ಲಿ ದೊಡ್ಡ ಹೊಳೆಯಿಲ್ಲ. ದಕ್ಷಿಣ ಬೆಂಗಳೂರಿನಲ್ಲಿ ಪಶ್ಚಿಮಕ್ಕೆ, ಹೊಸಕೆರೆಹಳ್ಳಿಯ ಕಡೆ ಇಳಿದ ಮಳೆನೀರು ವೃಷಭಾವತಿ, ಅರ್ಕಾವತಿಗಳ ಮೂಲಕ ಕಾವೇರಿ ಸೇರುತ್ತದೆ. ಪೂರ್ವಕ್ಕೆ ಇಳಿದದ್ದು ಮಡಿವಾಳ, ಅಗರ, ಬೆಳ್ಳಂದೂರು, ವರ್ತೂರು ಕೆರೆಗಳನ್ನು ಹಾದು ದಕ್ಷಿಣ ಪಿನಾಕಿನಿಗೆ. ಬನಶಂಕರಿಯ ಆಚೆ ಬಿದ್ದ ಹನಿಗೂ ಬಿಟಿಎಂನಲ್ಲಿ ಬಿದ್ದ ಹನಿಗೂ ಕಡಲು ಒಂದೇ, ಹೊಳೆ ಬೇರೆ. ಎಷ್ಟು ಸಲ ಹೇಳಿದರೂ ನನಗೆ ಬೆರಗು ತಗ್ಗದ ಸಂಗತಿಯಿದು.

ಈ ಕೆರೆಗಳು ತಾವಾಗಿ ಹುಟ್ಟಿದವಲ್ಲ. ತಗ್ಗಿಗೆ ಅಡ್ಡಲಾಗಿ ಮಣ್ಣಿನ ಏರಿ ಕಟ್ಟಿ, ಗದ್ದೆಗೆ ನೀರು ಬಿಡಲು ತೂಬು ಇಟ್ಟು, ಹೆಚ್ಚಾದದ್ದು ಹರಿದುಹೋಗಲು ಕೋಡಿ ಬಿಟ್ಟು ಜನ ಮಾಡಿಕೊಂಡವು. ಒಂದರ ಕೋಡಿ ನೀರು ಮುಂದಿನದಕ್ಕೆ ಒಳಹರಿವು.

ಹಾಗಾದರೆ ಊರುಗಳು ಯಾಕೆ ಚಿಕ್ಕವಾಗಿಯೇ ಉಳಿದವು? ತೂಬಿನ ನೀರು ತಲುಪುವಷ್ಟೇ ಅಚ್ಚುಕಟ್ಟು. ಭತ್ತ ಬೆಳೆಯುವ ತರಿ ಜಮೀನು ಅಷ್ಟೇ. ಉಳಿದದ್ದು ಮಳೆ ನಂಬಿದ ಖುಷ್ಕಿ, ಅಲ್ಲಿ ರಾಗಿ, ಅವರೆ. ಕೆಮ್ಮಣ್ಣಿನಲ್ಲಿ ರಾಗಿ ಕೈಹಿಡಿಯಬೇಕಾದರೆ ಕೊಟ್ಟಿಗೆ ಗೊಬ್ಬರ ಬೇಕು, ಗೊಬ್ಬರಕ್ಕೆ ದನ ಬೇಕು, ದನಕ್ಕೆ ಗೋಮಾಳ ಬೇಕು. ಆ ಗೋಮಾಳವೇ ಬಹಳ ಕಡೆ ಕೆರೆಯ ಮೇಲ್ಭಾಗದ ದಿಣ್ಣೆ. ಬಿದ್ದ ಮಳೆ ಹುಲ್ಲಿನ ನಡುವೆ ಅರ್ಧ ಇಂಗಿ, ಅರ್ಧ ನಿಧಾನಕ್ಕೆ ಕೆರೆಗೆ ಬರುತ್ತಿತ್ತು. ಅಂದರೆ ಯಾರೂ ವಾಸವಿಲ್ಲದ ದಿಣ್ಣೆಯೇ ಕೆರೆಯನ್ನು ತುಂಬಿಸುತ್ತಿದ್ದದ್ದು. ಅದನ್ನು ಉತ್ತು ಮನೆ ಕಟ್ಟಿದ್ದರೆ ಕೆಳಗಿನ ಗದ್ದೆಯ ಲೆಕ್ಕವೇ ತಪ್ಪುತ್ತಿತ್ತು. ಈ ಕೊಂಡಿಯನ್ನು ಹಿಡಿದವರಿಗೆ ಬಯಲುಸೀಮೆಯ ಯಾವ ಹಳ್ಳಿಯೂ ಅರ್ಥವಾಗುತ್ತದೆ.

ಜಮೀನಿನ ಬೆಲೆ ನೀರಿನಲ್ಲಿತ್ತು ಎಂಬುದಕ್ಕೆ ಮಡಿವಾಳದ ಸೋಮೇಶ್ವರ ದೇವಾಲಯದ ಹೊರಗೋಡೆಯೇ ಸಾಕ್ಷಿ. ಅಲ್ಲಿ ತಮಿಳು ಶಾಸನಗಳಿವೆ. 1247ರ ಒಂದರಲ್ಲಿ ವೆಪ್ಪೂರಿನ, ಎಂದರೆ ಇಂದಿನ ಬೇಗೂರಿನವರೊಬ್ಬರು ‘ವೆಂಗಳೂರಿನ ದೊಡ್ಡ ಕೆರೆಯ ಕೆಳಗಿನ’ ಭೂಮಿಯನ್ನು ದಾನ ಕೊಟ್ಟ ಸಂಗತಿಯಿದೆ. ಗಮನಿಸಿ, ಜಮೀನಿನ ಗುರುತೇ ಕೆರೆ. ಇನ್ನೊಂದು ಶಾಸನ ತಾವರೆಕೆರೆಯನ್ನು ಕಟ್ಟಿಸಿದ್ದನ್ನು ಹೇಳುತ್ತದೆ. ಕೆಂಪೇಗೌಡರು ಪೇಟೆ ಕಟ್ಟುವುದಕ್ಕೆ ಸುಮಾರು ಮುನ್ನೂರು ವರ್ಷ ಮುಂಚೆಯೇ ಈ ಹಳ್ಳಿಗಾಡಿನಲ್ಲಿ ದಾನಪತ್ರವಾಗುವಷ್ಟು ಬೆಲೆಯ ನೆಲವಿತ್ತು!

1948ರಲ್ಲಿ ಜಯನಗರಕ್ಕೆ ಅಡಿಗಲ್ಲು ಬಿತ್ತು. ಮುಂದಿನ ದಶಕಗಳಲ್ಲಿ ಬಡಾವಣೆಗಳು ಒಂದೊಂದಾಗಿ ದಕ್ಷಿಣಕ್ಕೆ ಸರಿದವು. ದಿಣ್ಣೆಗೆ ಕಾಂಕ್ರೀಟು ಬಂತು, ಅಚ್ಚುಕಟ್ಟಿನಲ್ಲಿ ಸೈಟುಗಳಾದವು. ಇಂಗಲು ಜಾಗವಿಲ್ಲದ ನೀರು ಈಗ ಒಮ್ಮೆಲೇ ಇಳಿಯುತ್ತದೆ. ಜೋರು ಮಳೆಗೆ ಸಿಲ್ಕ್ ಬೋರ್ಡ್ ಸುತ್ತ ನೀರು ನಿಂತಾಗ ಚರಂಡಿಯನ್ನಷ್ಟೇ ಬೈದರೆ ಸಾಲದು. ಮಡಿವಾಳ ಕೆರೆಗೂ ಅಗರ ಕೆರೆಗೂ ನಡುವಿನ ತಗ್ಗು ಅದು.

ನಿಮ್ಮ ಮನೆಯ ಕ್ರಯಪತ್ರವನ್ನು ಒಮ್ಮೆ ತೆಗೆದು ನೋಡಿ. ಎಷ್ಟೋ ಪತ್ರಗಳಲ್ಲಿ ಹಳೆಯ ಹಳ್ಳಿಯ ಹೆಸರು, ಸರ್ವೆ ನಂಬರು ಇನ್ನೂ ಇವೆ. ಆ ನಂಬರು ಹಿಡಿದು ಭೂದಾಖಲೆಗಳ ಇಲಾಖೆಯ ಗ್ರಾಮನಕ್ಷೆಯಲ್ಲಿ ಏರಿ ಎಲ್ಲಿತ್ತು, ಕಾಲುವೆ ಎಲ್ಲಿ ಹಾಯುತ್ತಿತ್ತು, ಗುಂಡುತೋಪು ಯಾವುದು ಎಂದು ಹುಡುಕಿ. ಬಿ. ಎಲ್. ರೈಸ್ 1905ರಲ್ಲಿ ಪ್ರಕಟಿಸಿದ ಬೆಂಗಳೂರು ಜಿಲ್ಲೆಯ ಶಾಸನಗಳ ಸಂಪುಟವನ್ನೂ ಜೊತೆಗಿಟ್ಟುಕೊಳ್ಳಿ. ನಮ್ಮ ಹೈಸ್ಕೂಲು ಮಕ್ಕಳು ಒಂದೊಂದು ವಾರ್ಡಿನ ನಕ್ಷೆಯನ್ನು ಹೀಗೆ ಗುರುತುಮಾಡಿದರೆ, ಮುಂದಿನ ಮಳೆಗಾಲಕ್ಕೆ ಪಾಲಿಕೆಯ ಎಂಜಿನಿಯರುಗಳಿಗೂ ಅದು ಬೇಕಾಗುತ್ತದೆ.