ಮಲ್ಪೆಯ ಧಕ್ಕೆಯಲ್ಲಿ ಕಾಯಕ

ಹನ್ನೆರಡನೆಯ ಶತಮಾನದ ಶರಣ ಅಂಬಿಗರ ಚೌಡಯ್ಯನವರು ಇಷ್ಟದೈವದ ಹೆಸರಿಗೆ ಬದಲಾಗಿ, ದೋಣಿ ನಡೆಸುವ ಕಾಯಕವನ್ನು ಸಾರುವ ತಮ್ಮ ಹೆಸರನ್ನೇ ವಚನಗಳ ಅಂಕಿತವಾಗಿ ಇರಿಸಿಕೊಂಡರು. ಅವರೊಡನೆ ಬೆಸೆದುಕೊಂಡಿರುವ ಊರು ತುಂಗಭದ್ರೆಯ ದಂಡೆಯ ಚೌಡದಾನಪುರ. ಕಡಲಿಗೂ ಅದಕ್ಕೂ ಬಹುದೂರ. ಆದರೂ ಉಡುಪಿಯ ಸಮೀಪದ ಮಲ್ಪೆ ಬಂದರಿನಲ್ಲಿ ನಿಂತಾಗ ನಮಗೆ ಮೊದಲು ನೆನಪಾಗುವವರು ಅವರೇ.

ಮೀನು ನಮ್ಮ ಮನೆಗಳ ಅಡುಗೆಗೆ ಸೇರಿದುದಲ್ಲ. ಬಂದರಿನ ವಾಸನೆಗೆ ಮೂಗು ಮುಚ್ಚಿಕೊಂಡು, ಅವಸರದಿಂದ ಸೇಂಟ್ ಮೇರೀಸ್ ದ್ವೀಪದ ದೋಣಿ ಹತ್ತುವ ನಮ್ಮವರನ್ನು ಕಂಡಿದ್ದೇವೆ. ಅವರು ನೋಡದೆ ಹೋಗುವುದು ಅಲ್ಪವಾದುದಲ್ಲ. ಬೆಳಕು ಹರಿಯುವ ಹೊತ್ತಿಗೆ ಅಳಿವೆಯೊಳಗೆ ದೋಣಿಗಳು ಒಂದರ ಹಿಂದೊಂದು ಸಾಲುಗೊಂಡು ಬರುತ್ತವೆ. ನೀಲಿ, ಹಸಿರು, ಕೇಸರಿ ಬಣ್ಣ, ಮುಂಭಾಗದಲ್ಲಿ ದೇವರ ಹೆಸರು, ತುದಿಯಲ್ಲಿ ಬಾವುಟ. ಧಕ್ಕೆಗೆ ತಾಗುತ್ತಿದ್ದಂತೆ ಬೂತಾಯಿ, ಬಂಗುಡೆಗಳ ಬುಟ್ಟಿಗಳು ಕೈಯಿಂದ ಕೈಗೆ ಇಳಿಯುತ್ತವೆ. ಹರಾಜಿನ ಕೂಗಿನ ನಡುವೆ ಮಹಿಳೆಯರು ಮೀನನ್ನು ಜಾತಿವಾರು ಬೇರ್ಪಡಿಸಿ, ಮಂಜುಗಡ್ಡೆ ಹರಡಿ, ಬುಟ್ಟಿಯನ್ನು ತಲೆಗೇರಿಸಿ ಪೇಟೆಗೆ ಹೊರಡುತ್ತಾರೆ. ವ್ಯಾಪಾರದ ಲೆಕ್ಕವೆಲ್ಲ ಅವರ ನಾಲಗೆಯ ಮೇಲೆಯೇ. ಗದ್ದಲದಿಂದ ತುಸು ದೂರದಲ್ಲಿ ವೃದ್ಧರು ಕಾಲು ಚಾಚಿ ಕುಳಿತು ಹರಿದ ಬಲೆಯನ್ನು ಕಣ್ಣುಕಣ್ಣಾಗಿ ಹೆಣೆಯುತ್ತಿರುತ್ತಾರೆ. ಇಡೀ ಬಂದರಿನಲ್ಲಿ ನಮಗೆ ಅತ್ಯಂತ ಪ್ರಿಯವಾದ ನೋಟ ಅದು.

ಈ ಚೆಲುವಿನ ಬೆನ್ನಿಗೇ ಭಯವೂ ಇದೆ. ಆಳಸಮುದ್ರಕ್ಕೆ ಹೋದ ದೋಣಿ ದಿನಗಟ್ಟಲೆ ದಡ ಕಾಣುವುದಿಲ್ಲ. 2018ರ ಡಿಸೆಂಬರ್ 13ರಂದು ಇಲ್ಲಿಂದ ಹೊರಟ ‘ಸುವರ್ಣ ತ್ರಿಭುಜ’ ದೋಣಿಯಲ್ಲಿ ಏಳು ಮಂದಿ ಇದ್ದರು; ಇಬ್ಬರು ಮಲ್ಪೆಯ ಕಡೆಯವರು, ಐವರು ಉತ್ತರ ಕನ್ನಡದವರು. ಎರಡು ದಿನಗಳಲ್ಲಿ ಸಂಪರ್ಕ ಕಡಿಯಿತು. ಹುಡುಕಾಟ ಚುರುಕಾಗಲೆಂದು 2019ರ ಜನವರಿಯಲ್ಲಿ ಮೀನುಗಾರರು ಹೆದ್ದಾರಿಗಿಳಿದರು. ಆ ಮನೆಗಳ ತಾಯಂದಿರು, ಮಡದಿಯರು ನಾಲ್ಕು ತಿಂಗಳಿಗೂ ಮೀರಿ ಬಾಗಿಲು ನೋಡುತ್ತ ಕಾದರು. ಮೇ ತಿಂಗಳಲ್ಲಿ ಮಹಾರಾಷ್ಟ್ರದ ಮಾಲ್ವಣದ ಬಳಿ ಕಡಲ ತಳದಲ್ಲಿ ನೌಕಾಪಡೆಗೆ ದೋಣಿಯ ಅವಶೇಷ ಸಿಕ್ಕಿತು. ಮನೆಗೆ ಯಾರೂ ಮರಳಲಿಲ್ಲ.

ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ಯಾಂತ್ರಿಕ ಮೀನುಗಾರಿಕೆಗೆ ನಿಷೇಧವಿದೆ. ಅದು ಮೀನು ಮರಿಯಿಡುವ ಕಾಲ, ಕಡಲೂ ಪ್ರಕ್ಷುಬ್ಧ. ಆಗ ನೂರಾರು ದೋಣಿಗಳು ಮೈಗೆ ಮೈ ತಾಗಿಸಿ ಮಳೆಯಲ್ಲಿ ತೊಯ್ಯುತ್ತ ನಿಂತಿರುತ್ತವೆ. ದುಡಿಮೆಯಿಲ್ಲದ ಮನೆಗಳಲ್ಲಿ ಸಾಲದ ಮಾತು ಏಳುವುದೂ ಆಗಲೇ. ಶ್ರಾವಣದಲ್ಲಿ ಮೊಗವೀರರು ವಡಭಾಂಡೇಶ್ವರದ ದಡದಲ್ಲಿ ಹಾಲೆರೆದು ಸಮುದ್ರಪೂಜೆ ನೆರವೇರಿಸುತ್ತಾರೆ. ಹೆಣೆದು ಮುಗಿಸಿದ ಬಲೆಗಳು ಮತ್ತೆ ದೋಣಿಯೇರುತ್ತವೆ.