ಚಿನ್ನದ ಗಣಿ ಮತ್ತು ಸಾಕ್ಷ್ಯಚಿತ್ರ

ನಡೆದುದನ್ನು ನಡೆದ ಸ್ಥಳದಲ್ಲಿಯೇ, ಅದನ್ನು ಅನುಭವಿಸಿದ ಜನರ ಮೂಲಕವೇ ತೋರಿಸುವ ಚಲನಚಿತ್ರಕ್ಕೆ ಸಾಕ್ಷ್ಯಚಿತ್ರವೆಂದು ಹೆಸರು. 1935ರಲ್ಲಿ ಬ್ರಿಟನ್ನಿನಲ್ಲಿ ಕಲ್ಲಿದ್ದಲ ಗಣಿಗಾರರ ದುಡಿಮೆಯನ್ನು ಕುರಿತು ‘ಕೋಲ್ ಫೇಸ್’ ಎಂಬ ಚಿತ್ರವು ಹೊರಬಂದಿತು. ನಮ್ಮ ದೇಶದಲ್ಲಿ 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ ಸಂಸ್ಥೆಯು ಸಾವಿರಾರು ಸಾಕ್ಷ್ಯಚಿತ್ರಗಳನ್ನು ತಯಾರಿಸಿತು. ಕೈಗಾರಿಕೆಯ ಏಳುಬೀಳುಗಳು ಮನುಷ್ಯನ ಬಾಳನ್ನು ಹೇಗೆ ಮಾರ್ಪಡಿಸುತ್ತವೆ ಎಂಬುದನ್ನು ಅರಿಯಬಯಸುವ ಚಿತ್ರಕಾರನಿಗೆ ಕೋಲಾರ ಜಿಲ್ಲೆಯು ತೆರೆದ ಪುಸ್ತಕದಂತಿದೆ.

ಕೋಲಾರ ಚಿನ್ನದ ಗಣಿ ಪ್ರದೇಶದಲ್ಲಿ 1880ರಲ್ಲಿ ಜಾನ್ ಟೇಲರ್ ಕಂಪನಿಯು ಕಾಲಿರಿಸಿತು. ಗಣಿಯ ಯಂತ್ರಗಳಿಗಾಗಿ 1902ರಲ್ಲಿ ಶಿವನಸಮುದ್ರದಿಂದ ಸುಮಾರು 150 ಕಿಲೋಮೀಟರು ದೂರ ವಿದ್ಯುತ್ತನ್ನು ತರಲಾಯಿತು. ಬೆಂಗಳೂರಿನ ಬೀದಿಗಳಲ್ಲಿ ವಿದ್ಯುದ್ದೀಪ ಬೆಳಗಿದ್ದು ಅದಾದ ಮೂರು ವರ್ಷಗಳ ಮೇಲೆ! ಚಾಂಪಿಯನ್ ರೀಫ್ ಗಣಿಯು 3 ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿಯಿತು. ಅಲ್ಲಿ ಬಂಡೆಯೇ ಕಾದಿರುತ್ತಿತ್ತು. ಒತ್ತಡಕ್ಕೆ ಸಿಕ್ಕಿ ಒಮ್ಮೊಮ್ಮೆ ಸಿಡಿದು ಪ್ರಾಣಗಳನ್ನು ಬಲಿ ತೆಗೆದುಕೊಳ್ಳುತ್ತಿತ್ತು. ಕಲ್ಲಿನ ಧೂಳನ್ನು ಉಸಿರಾಡಿದವರ ಶ್ವಾಸಕೋಶಗಳು ಕ್ರಮೇಣ ಕ್ಷೀಣಿಸುತ್ತಿದ್ದವು. ಕನ್ನಡ, ತಮಿಳು, ತೆಲುಗು ಮಾತನಾಡುವ ಸಾವಿರಾರು ಕುಟುಂಬಗಳು ‘ಲೈನು’ಗಳೆಂಬ ಸಾಲುಮನೆಗಳಲ್ಲಿ ಬಾಳಿದವು. ಈ ನೆಲದಿಂದ ಹೊರಬಂದ ಚಿನ್ನ ಸುಮಾರು 800 ಟನ್ನು.

1956ರಲ್ಲಿ ಗಣಿಗಳು ಮೈಸೂರು ಸರ್ಕಾರಕ್ಕೂ 1962ರಲ್ಲಿ ಕೇಂದ್ರ ಸರ್ಕಾರಕ್ಕೂ ಸೇರಿದವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯು ಸ್ಥಾಪಿತವಾಯಿತು. ಆಳ ಹೆಚ್ಚಿದಂತೆ ವೆಚ್ಚವೂ ಹೆಚ್ಚಿತು. ಅದಿರಿನಲ್ಲಿ ಚಿನ್ನದ ಪ್ರಮಾಣವು ಕುಗ್ಗಿತು. ಕೊನೆಗೆ 2001ರ ಫೆಬ್ರುವರಿ 28ರಂದು ಗಣಿಗಳು ಮುಚ್ಚಿದವು.

ಗಣಿ ಮುಚ್ಚಿದರೂ ಊರು ಮುಚ್ಚಲಿಲ್ಲ. ನಸುಕಿನಲ್ಲೇ ಬುತ್ತಿ ಕಟ್ಟಿಕೊಂಡು ಸಾವಿರಾರು ಜನರು ರೈಲಿನಲ್ಲಿ ಬೆಂಗಳೂರಿಗೆ ಕೆಲಸಕ್ಕೆ ಹೊರಡತೊಡಗಿದರು. ತಂದೆ ಭೂಮಿಯೊಳಕ್ಕೆ ಇಳಿದು ಅನ್ನ ಗಳಿಸಿದನು. ಮಗನಾದರೋ ದೂರದ ನಗರಕ್ಕೆ ಹೋಗಿ ಗಳಿಸಬೇಕಾಯಿತು. ಅದಿರನ್ನು ಅರೆದು ಚಿನ್ನ ತೆಗೆದ ಮೇಲೆ ಉಳಿದ ಪುಡಿಯು ಸೈನೈಡ್ ಗುಡ್ಡಗಳಾಗಿ ನಿಂತಿದೆ. ಗಾಳಿ ಬೀಸಿದಾಗ ಅದರ ಧೂಳು ಮನೆಗಳನ್ನು ಹೊಗುತ್ತದೆ.

ಜಿಲ್ಲೆಯ ಉಳಿದೆಡೆಗಳಲ್ಲಿ ಬದಲಾವಣೆಯ ರೂಪ ಬೇರೆ. ಮಾಲೂರು ಹೆಂಚು, ಇಟ್ಟಿಗೆಗಳಿಗೆ ಹೆಸರಾದ ಊರು. ಕಾಂಕ್ರೀಟು ಸೂರುಗಳು ಬಂದಂತೆ ಹೆಂಚಿಗೆ ಬೇಡಿಕೆ ತಗ್ಗಿತು. ಕೋಲಾರದ ಬಳಿಯ ನರಸಾಪುರ, ವೇಮಗಲ್‌ಗಳಲ್ಲಿ ಹೊಸ ಕಾರ್ಖಾನೆಗಳು ಎದ್ದಿವೆ. ಶ್ರೀನಿವಾಸಪುರದ ಮಾವಿನ ತೋಪುಗಳಲ್ಲಿಯೂ ಮುಳಬಾಗಿಲಿನ ಹೊಲಗಳಲ್ಲಿಯೂ ಬೇಸಾಯವೇ ಇನ್ನೂ ಬದುಕಿನ ಆಧಾರ.

ಇವೆಲ್ಲವನ್ನೂ ಚಿತ್ರಿಸುವವನ ಹೊಣೆ ದೊಡ್ಡದು. ತುಕ್ಕು ಹಿಡಿದ ಯಂತ್ರದ ಚಿತ್ರ ತೆಗೆಯುವುದು ಸುಲಭ. ಅದನ್ನು ನಡೆಸಿದವನ ಬಳಿ ಕುಳಿತು, ಅವನ ಮಾತನ್ನು ತಾಳ್ಮೆಯಿಂದ ಆಲಿಸಿ, ಅವನ ಮಾನಕ್ಕೆ ಕುಂದು ಬಾರದಂತೆ ಲೋಕದ ಮುಂದಿಡುವುದು ಕಷ್ಟ. ಎಷ್ಟು ಚಿನ್ನ ದೊರೆಯಿತೆಂಬುದನ್ನು ಲೆಕ್ಕದ ಪುಸ್ತಕಗಳು ಹೇಳುತ್ತವೆ. ಅದಕ್ಕಾಗಿ ಎಷ್ಟು ಬೆವರು ಹರಿಯಿತೆಂಬುದನ್ನು ದುಡಿದವರೇ ಹೇಳಬೇಕು. ಅವರು ಹೇಳುವಷ್ಟರಲ್ಲಿ ಕೇಳುವವರು ಅಲ್ಲಿರಬೇಕು.